ಆಟದ ಸದ್ದು, ನನ್ನ ಮಾತು: ರೆಕಾರ್ಡಿಂಗ್‌ನಲ್ಲಿ ಎರಡನ್ನೂ ಸರಿಯಾಗಿ ಹಿಡಿಯುವುದು ಹೇಗೆ?

ಕೌಲ್‌ಬಜಾರ್ ಓಣಿ, ಬಳ್ಳಾರಿ

ಎಲ್ಲರಿಗೂ ನಮಸ್ಕಾರ. ನಾನು ಡಿಪ್ಲೊಮಾ ಕೊನೆಯ ವರ್ಷದ ವಿದ್ಯಾರ್ಥಿ. ನಮ್ಮೂರ ಗುಡ್ಡದ ಮೇಲಿನ ಕೋಟೆಯನ್ನೂ ಅದರ ಬುಡದಲ್ಲಿರುವ ಕೆಳಗಿನ ಕೋಟೆಯನ್ನೂ ಮೈನ್‌ಕ್ರಾಫ್ಟ್ ಆಟದಲ್ಲಿ ಒಂದೊಂದೇ ಕಲ್ಲಿಟ್ಟು ಕಟ್ಟುತ್ತಾ, ಆ ಕೆಲಸವನ್ನು ಕನ್ನಡದಲ್ಲಿ ವಿವರಿಸುವ ವಿಡಿಯೋಗಳನ್ನು ಮಾಡುತ್ತಿದ್ದೇನೆ. ಚಿತ್ರ ಚೆನ್ನಾಗಿಯೇ ಬರುತ್ತಿದೆ. ತೊಡಕೆಲ್ಲ ಸದ್ದಿನದು.

ಕಳೆದ ವಾರ ಹೊಸ ಯುಎಸ್‌ಬಿ ಹೆಡ್‌ಸೆಟ್ ಕೊಂಡೆ. ಅದನ್ನು ಹಾಕಿಕೊಂಡು ಒಂದೂವರೆ ಗಂಟೆ ರೆಕಾರ್ಡ್ ಮಾಡಿ, ತೆರೆದು ನೋಡಿದರೆ ನನ್ನ ಮಾತು ಮಾತ್ರ ಇತ್ತು. ಕಲ್ಲು ಕೂರುವ ಸದ್ದು, ಹೆಜ್ಜೆಯ ಸದ್ದು, ಮಳೆ, ಯಾವುದೂ ಇರಲಿಲ್ಲ. ಆಡುವಾಗ ಇವೆಲ್ಲ ನನ್ನ ಕಿವಿಗೆ ಸ್ಪಷ್ಟವಾಗಿ ಕೇಳಿಸಿದ್ದವು. ಮರುದಿನ ನಾನು ಬಳಸುವ ರೆಕಾರ್ಡಿಂಗ್ ತಂತ್ರಾಂಶ ಒಬಿಎಸ್ ಸ್ಟುಡಿಯೋದಲ್ಲಿ ಡೆಸ್ಕ್‌ಟಾಪ್ ಆಡಿಯೋವನ್ನು ‘ಡೀಫಾಲ್ಟ್’ಗೆ ಬದಲಾಯಿಸಿದೆ, ಸಾಲದೆಂದು ‘ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್’ ಎಂಬ ಮೂಲವನ್ನೂ ಸೇರಿಸಿದೆ. ಈಗ ಆಟದ ಸದ್ದು ಬರುತ್ತಿದೆ, ಆದರೆ ತಗಡಿನ ಡಬ್ಬಿಯೊಳಗಿಂದ ಬಂದಂತೆ ಬೋಳು ಬೋಳಾಗಿ, ನನ್ನ ಮಾತನ್ನೇ ಮುಚ್ಚುವಷ್ಟು ಜೋರಾಗಿ ಬರುತ್ತಿದೆ.

ಇನ್ನೊಂದು ಸಂಗತಿಯನ್ನೂ ಹೇಳಿಬಿಡುತ್ತೇನೆ. ನಮ್ಮ ಮನೆಯ ಕೆಳಗಡೆ ಜೀನ್ಸ್ ಹೊಲಿಯುವ ಮಷಿನುಗಳಿವೆ. ಹಗಲಿಡೀ ಅವುಗಳ ಸದ್ದು ಮೈಕಿಗೆ ಸೇರುತ್ತದೆ. ರಾತ್ರಿ ಮಾತ್ರ ರೆಕಾರ್ಡ್ ಮಾಡೋಣವೆಂದರೆ ಮನೆಯವರೆಲ್ಲ ಮಲಗಿರುತ್ತಾರೆ. ಎಲ್ಲಿ ತಪ್ಪಿದ್ದೇನೆ ಎಂಬುದನ್ನು ತಿಳಿದವರು ದಯವಿಟ್ಟು ಬಿಡಿಸಿ ಹೇಳಬೇಕು. ಸೆಟ್ಟಿಂಗ್ ಹೇಳಿದರೆ ಸಾಲದು, ಕಾರಣವೂ ತಿಳಿಯಬೇಕೆಂದು ನನ್ನ ಆಸೆ.

ಆನೆಗೊಂದಿ ದಾರಿ, ಗಂಗಾವತಿ

ತಮ್ಮಾ, ಕಾರಣ ಕೇಳಿದ್ದು ಒಳ್ಳೆಯದಾಯಿತು. ಒಬಿಎಸ್‌ನಲ್ಲಿ ಸದ್ದಿನ ತೊಂದರೆಗಳು ನೂರು ಬಗೆಯವಾಗಿ ಕಂಡರೂ ಅವುಗಳಲ್ಲಿ ಬಹುಪಾಲು ಒಂದೇ ಪ್ರಶ್ನೆಗೆ ಬಂದು ನಿಲ್ಲುತ್ತವೆ: ಸದ್ದು ಯಾವ ದಾರಿಯಲ್ಲಿ ಹೊರಟು ಎಲ್ಲಿಗೆ ಹೋಗುತ್ತಿದೆ, ಮತ್ತು ನಾವು ಅದನ್ನು ಆ ದಾರಿಯ ಯಾವ ಜಾಗದಲ್ಲಿ ಹಿಡಿಯುತ್ತಿದ್ದೇವೆ? ಸೆಟ್ಟಿಂಗ್ ಮುಟ್ಟುವ ಮೊದಲು ಒಂದು ಹಾಳೆಯ ಮೇಲೆ ಈ ದಾರಿಯ ಚಿತ್ರ ಬರೆದುಕೊಳ್ಳಿ ಎಂದು ನಾನು ಎಲ್ಲರಿಗೂ ಹೇಳುತ್ತೇನೆ.

ವಿಂಡೋಸ್‌ನಲ್ಲಿ ಆಟವು ತನ್ನ ಸದ್ದನ್ನು ಒಂದು ಔಟ್‌ಪುಟ್ ಸಾಧನಕ್ಕೆ ಕಳಿಸುತ್ತದೆ. ಡೆಸ್ಕ್‌ಟಾಪ್ ಆಡಿಯೋ ಎಂದರೆ ಕಂಪ್ಯೂಟರಿನ ಸಮಸ್ತ ಸದ್ದು ಎಂದು ಹೆಸರಿನಿಂದ ಅನ್ನಿಸುತ್ತದೆ, ಆದರೆ ಅದು ಯಾವುದೋ ಒಂದು ಸಾಧನಕ್ಕೆ ಹೋಗುತ್ತಿರುವ ಸದ್ದಿನ ಪ್ರತಿ ಮಾತ್ರ. ನಿಮ್ಮ ಒಬಿಎಸ್‌ನಲ್ಲಿ ಅದು ಹಳೆಯ ಸ್ಪೀಕರಿಗೆ ಕಟ್ಟಿಕೊಂಡಿತ್ತೆಂದು ಕಾಣುತ್ತದೆ. ಹೊಸ ಹೆಡ್‌ಸೆಟ್ ಚುಚ್ಚಿದ ಕೂಡಲೇ ವಿಂಡೋಸ್ ಆಟದ ಸದ್ದನ್ನು ಅದರ ಕಡೆ ತಿರುಗಿಸಿತು. ಒಬಿಎಸ್ ಮಾತ್ರ ಖಾಲಿ ಸ್ಪೀಕರಿನ ಬಾಗಿಲಲ್ಲೇ ಕಾಯುತ್ತಾ ಕೂತಿತ್ತು. ನಿಮ್ಮ ಮೊದಲ ರೆಕಾರ್ಡಿಂಗ್ ಮೌನವಾದದ್ದು ಹೀಗೆ.

ಎರಡನೆಯ ರೆಕಾರ್ಡಿಂಗ್‌ನಲ್ಲಿ ತೊಂದರೆ ತಿರುಗುಮುರುಗಾಯಿತು. ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಎಂಬುದು 2022ರಲ್ಲಿ ಬಂದ ಒಬಿಎಸ್ 28ರಲ್ಲಿ ಸೇರಿತು. ವಿಂಡೋಸ್ 10ರ 2004ನೇ ಆವೃತ್ತಿ ಅಥವಾ ಅದಕ್ಕಿಂತ ಹೊಸದಿದ್ದರೆ ಕೆಲಸ ಮಾಡುತ್ತದೆ. ಅದು ಸಾಧನವನ್ನು ಲೆಕ್ಕಿಸದೆ ನಾವು ಆರಿಸಿದ ಒಂದು ಪ್ರೋಗ್ರಾಮಿನ ಸದ್ದನ್ನಷ್ಟೇ ಹಿಡಿಯುತ್ತದೆ. ನೀವು ಇದನ್ನೂ ಸೇರಿಸಿದಿರಿ, ಡೆಸ್ಕ್‌ಟಾಪ್ ಆಡಿಯೋವನ್ನೂ ಸರಿಯಾದ ಸಾಧನಕ್ಕೆ ತಂದಿರಿ. ಒಂದೇ ಸದ್ದು ಎರಡು ದಾರಿಯಿಂದ, ಕೆಲವು ಮಿಲಿಸೆಕೆಂಡುಗಳ ಅಂತರದಲ್ಲಿ ಬಂದು ಸೇರಿತು. ಉದಾಹರಣೆಗೆ ಅಂತರ 10 ಮಿಲಿಸೆಕೆಂಡ್ ಇದ್ದರೆ 50, 150, 250 ಹರ್ಟ್ಸ್ ಹೀಗೆ ಒಂದು ಸಾಲು ಸ್ವರಗಳಲ್ಲಿ ಎರಡು ಪ್ರತಿಗಳು ಒಂದನ್ನೊಂದು ಅಳಿಸಿಹಾಕುತ್ತವೆ, ನಡುವಿನ ಸ್ವರಗಳಲ್ಲಿ ಒಂದಕ್ಕೊಂದು ಕೂಡಿ 6 ಡೆಸಿಬೆಲ್‌ನಷ್ಟು ಏರುತ್ತವೆ. ತಗಡಿನ ಡಬ್ಬಿಯ ಸದ್ದೂ ಜೋರೂ ಎರಡೂ ಬಂದದ್ದು ಇದರಿಂದಲೇ.

ಸೆಟ್ಟಿಂಗ್ಸ್‌ನ ಆಡಿಯೋ ಪುಟಕ್ಕೆ ಹೋಗಿ ಡೆಸ್ಕ್‌ಟಾಪ್ ಆಡಿಯೋವನ್ನು ‘ಡಿಸೇಬಲ್ಡ್’ ಮಾಡಿ, ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಒಂದನ್ನೇ ಉಳಿಸಿಕೊಳ್ಳಿ. ಗೇಮ್ ಕ್ಯಾಪ್ಚರ್ ಮೂಲದೊಳಗೆ ‘ಕ್ಯಾಪ್ಚರ್ ಆಡಿಯೋ’ ಎಂಬ ಗುರುತು ಇದ್ದರೆ ಅದನ್ನೂ ನೋಡಿ. ಅದೂ ಮೂರನೆಯ ಪ್ರತಿಯನ್ನು ತರಬಲ್ಲದು. ಒಂದು ಸದ್ದನ್ನು ಒಂದೇ ಸಲ ಹಿಡಿಯಬೇಕು.

ಕೌಲ್‌ಬಜಾರ್ ಓಣಿ, ಬಳ್ಳಾರಿ

ಅಣ್ಣಾ, ನೀವು ಹೇಳಿದಂತೆಯೇ ಇತ್ತು. ಡೆಸ್ಕ್‌ಟಾಪ್ ಆಡಿಯೋ ‘ಸ್ಪೀಕರ್ಸ್, ರಿಯಲ್‌ಟೆಕ್’ ಎಂದೇ ಇದ್ದದ್ದು ನೆನಪಾಯಿತು. ಈಗ ಮುಚ್ಚಿದ್ದೇನೆ, ಡಬ್ಬಿಯ ಸದ್ದು ಹೋಯಿತು. ಆದರೆ ಆಟವನ್ನು ಮುಚ್ಚಿ ಮತ್ತೆ ತೆರೆದಾಗ ಒಮ್ಮೊಮ್ಮೆ ಸದ್ದು ಬರುವುದೇ ಇಲ್ಲ.

ಆನೆಗೊಂದಿ ದಾರಿ, ಗಂಗಾವತಿ

ಆ ಮೂಲದ ಪ್ರಾಪರ್ಟೀಸ್‌ನಲ್ಲಿ ‘ವಿಂಡೋ ಮ್ಯಾಚ್ ಪ್ರಯಾರಿಟಿ’ ಎಂಬ ಆಯ್ಕೆ ಇರುತ್ತದೆ. ವಿಂಡೋದ ಶೀರ್ಷಿಕೆ ತಪ್ಪದೆ ಹೊಂದಲೇಬೇಕು ಎಂದು ಇಟ್ಟಿದ್ದರೆ, ಆಟದ ಆವೃತ್ತಿ ಬದಲಾದಾಗ ಶೀರ್ಷಿಕೆಯೂ ಬದಲಾಗಿ ಒಬಿಎಸ್‌ಗೆ ಆಟ ಸಿಗದೆ ಹೋಗುತ್ತದೆ. ಶೀರ್ಷಿಕೆ ಹೊಂದದಿದ್ದರೆ ಅದೇ ಎಕ್ಸಿಕ್ಯೂಟಬಲ್‌ನ (ಪ್ರೋಗ್ರಾಮಿನ ಕಡತದ) ವಿಂಡೋವನ್ನು ಹುಡುಕು ಎಂಬ ಆಯ್ಕೆಯನ್ನು ಇಡಿ.

ಮೈಕ್ ಸೆಟ್ ಮನೆ, ಕೊಪ್ಪಳ

ನಮ್ಮ ಮನೆಯಲ್ಲಿ ಮೂವತ್ತು ವರ್ಷದಿಂದ ಮೈಕ್ ಸೆಟ್ ಬಾಡಿಗೆಗೆ ಕೊಡುವ ಕೆಲಸವಿದೆ. ಮದುವೆ, ನಾಟಕ, ಬಯಲಾಟ, ಜಾತ್ರೆ ಎಲ್ಲಕ್ಕೂ ಹೋಗಿದ್ದೇನೆ. ಕಂಪ್ಯೂಟರಿನ ಒಳದಾರಿಗಳು ನನಗೆ ತಡವಾಗಿ ಪರಿಚಯವಾದವು, ಆದರೆ ಮಿಕ್ಸರ್ ಮುಂದೆ ಕುಳಿತವನಿಗೆ ಒಬಿಎಸ್‌ನ ಆಡಿಯೋ ಮಿಕ್ಸರ್ ಹೊಸದೇನೂ ಅಲ್ಲ. ಸದ್ದು ಸಿಕ್ಕಿತು ಎಂದ ಮೇಲೆ ಎಷ್ಟು ಸಿಗಬೇಕು ಎಂಬ ಮಾತು ಬರುತ್ತದೆ. ಹೊಸಬರು ಎಡವುವುದು ಹೆಚ್ಚಾಗಿ ಇಲ್ಲಿಯೇ, ಆದ್ದರಿಂದ ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ಬಯಲಾಟದಲ್ಲಿ ಪಾತ್ರಧಾರಿ ಮಾತನಾಡುವಾಗ ಹಾರ್ಮೋನಿಯಂ ಮತ್ತು ಮದ್ದಳೆಯವರು ಕೈ ತಗ್ಗಿಸುತ್ತಾರೆ. ಅವರು ತಗ್ಗಿಸದಿದ್ದರೆ ಮಿಕ್ಸರಿನವನು ತಗ್ಗಿಸಬೇಕು, ಏಕೆಂದರೆ ಜನ ಬಂದಿರುವುದು ಮಾತು ಕೇಳಲು. ನಿಮ್ಮ ವಿಡಿಯೋದಲ್ಲಿ ಆಟವೇ ಹಿಮ್ಮೇಳ, ನಿಮ್ಮ ಮಾತೇ ಪಾತ್ರ. ಒಬಿಎಸ್‌ನ ಅಳತೆಪಟ್ಟಿಯಲ್ಲಿ ಮೈನಸ್ 20 ಡೆಸಿಬೆಲ್‌ವರೆಗೆ ಹಸಿರು, ಅಲ್ಲಿಂದ ಮೈನಸ್ 9ರವರೆಗೆ ಹಳದಿ, ಅದರಿಂದಾಚೆ ಸೊನ್ನೆಯವರೆಗೆ ಕೆಂಪು. ಸೊನ್ನೆ ಎಂದರೆ ಅಲ್ಲಿಗೆ ಮುಗಿಯಿತು. ಡಿಜಿಟಲ್ ಸದ್ದಿಗೆ ಅದರ ಮೇಲೆ ಜಾಗವಿಲ್ಲ, ಅಲೆಯ ತಲೆ ಚಪ್ಪಟೆಯಾಗಿ ಕತ್ತರಿಸಿಹೋಗುತ್ತದೆ, ಹಾಗೆ ಹೋದದ್ದನ್ನು ಆಮೇಲೆ ಮರಳಿ ತರಲಾಗದು. ಮಾತು ಹಳದಿಯ ನಡುವೆ ಕುಣಿಯಬೇಕು, ಜೋರಾಗಿ ನಕ್ಕಾಗಲೂ ಕೆಂಪಿನ ಅಂಚನ್ನು ಮುಟ್ಟಿ ಹಿಂದಿರುಗಬೇಕು. ಆಟದ ಸದ್ದು ಮಾತಿಗಿಂತ 10ರಿಂದ 15 ಡೆಸಿಬೆಲ್ ಕೆಳಗೆ, ಹಸಿರಿನ ಮೇಲ್ಭಾಗದಲ್ಲಿ ಇರಲಿ ಎಂಬುದು ನನ್ನ ಅನುಭವದ ಮಾತು. ಸಿಡಿತ ಹೆಚ್ಚಿರುವ ಆಟಗಳಿಗೆ ಇನ್ನೂ ಸ್ವಲ್ಪ ತಗ್ಗಿಸಬಹುದು; ಕೋಟೆ ಕಟ್ಟುವ ಆಟದಲ್ಲಿ ಹೆಜ್ಜೆಯ ಸದ್ದೇ ಸೊಗಸು, ಅಷ್ಟು ತಗ್ಗಿಸಬೇಕಾಗಿಲ್ಲ.

ಆಟದ ಸದ್ದು ನಿಮ್ಮ ಕಿವಿಗೆ ಎಷ್ಟು ಬರಬೇಕೆಂಬುದನ್ನು ಹೆಡ್‌ಸೆಟ್ಟಿನ ವಾಲ್ಯೂಮ್‌ನಿಂದ ಹೊಂದಿಸಿಕೊಳ್ಳಿ, ರೆಕಾರ್ಡಿಂಗ್‌ಗೆ ಎಷ್ಟು ಹೋಗಬೇಕೆಂಬುದನ್ನು ಒಬಿಎಸ್‌ನ ಸ್ಲೈಡರ್‌ನಿಂದ ಹೊಂದಿಸಿ. ಇವೆರಡನ್ನೂ ಒಂದೆಂದು ತಿಳಿಯಬೇಡಿ. ಕಿವಿಗೆ ಹಿತವಾಗಿ ಕೇಳಿಸಿತು ಎಂಬುದರಿಂದ ರೆಕಾರ್ಡಿಂಗ್ ಸರಿಯಾಗಿದೆ ಎಂದು ತೀರ್ಮಾನಿಸುವಂತಿಲ್ಲ. ನಾನು ಪ್ರತಿಸಲ ಎರಡು ನಿಮಿಷದ ಪರೀಕ್ಷೆಯ ರೆಕಾರ್ಡಿಂಗ್ ಮಾಡಿ, ಅದನ್ನು ಅಗ್ಗದ ಮೊಬೈಲಿನ ಸ್ಪೀಕರಿನಲ್ಲಿ ಕೇಳುತ್ತೇನೆ. ನಮ್ಮ ಕಡೆ ಬಹಳ ಜನ ವಿಡಿಯೋ ನೋಡುವುದು ಆ ಸ್ಪೀಕರಿನಲ್ಲಿಯೇ. ಅಲ್ಲಿ ಮಾತು ತಿಳಿದರೆ ಉಳಿದೆಡೆಯೂ ತಿಳಿಯುತ್ತದೆ.

ರಾಯಚೂರು ಬಿಸಿಲು

ಮಷಿನಿನ ಸದ್ದಿನ ವಿಷಯಕ್ಕೆ ನಾನು ಉತ್ತರಿಸುತ್ತೇನೆ, ಏಕೆಂದರೆ ಏಪ್ರಿಲ್ ಮೇ ತಿಂಗಳಲ್ಲಿ ಫ್ಯಾನ್ ನಿಲ್ಲಿಸಿ ರೆಕಾರ್ಡ್ ಮಾಡುವುದು ರಾಯಚೂರಿನಲ್ಲಿ ಆಗದ ಮಾತು. ಮೇಲೆ ಫ್ಯಾನ್, ಪಕ್ಕದಲ್ಲಿ ಕೂಲರ್, ಇವುಗಳ ನಡುವೆ ಕೂತೇ ನಾನು ಕಲಿತದ್ದು.

ಮೊದಲು ಮೈಕ್ ಇಡುವ ಜಾಗ. ಬಾಯಿಯಿಂದ ನಾಲ್ಕು ಬೆರಳು ದೂರದಲ್ಲಿ, ಉಸಿರು ನೇರವಾಗಿ ತಾಗದಂತೆ ಸ್ವಲ್ಪ ಓರೆಯಾಗಿ ಇಟ್ಟುಕೊಂಡರೆ ಮೈಕಿನ ಗೇನ್, ಅಂದರೆ ಸದ್ದನ್ನು ಹಿಗ್ಗಿಸುವ ಪ್ರಮಾಣ, ಕಡಿಮೆ ಸಾಕಾಗುತ್ತದೆ. ಗೇನ್ ಇಳಿದಷ್ಟೂ ಕೋಣೆಯ ಸದ್ದೂ ಇಳಿಯುತ್ತದೆ. ಬೇರೆ ಮೈಕ್ ಇದ್ದು ಅದು ಕಾರ್ಡಿಯಾಯ್ಡ್ ಬಗೆಯದಾಗಿದ್ದರೆ ಅದರ ಬೆನ್ನು ಸದ್ದು ಬರುವ ಕಡೆಗಿರಲಿ, ಬೆನ್ನಿನ ಕಡೆಯಿಂದ ಅದು ಬಹಳ ಕಡಿಮೆ ಕೇಳಿಸಿಕೊಳ್ಳುತ್ತದೆ. ಇಷ್ಟಾದ ಮೇಲೆಯೇ ಫಿಲ್ಟರ್. ಒಬಿಎಸ್‌ನಲ್ಲಿ ಮೈಕಿನ ಮೇಲೆ ‘ನಾಯ್ಸ್ ಸಪ್ರೆಶನ್’ ಹಾಕಿ, ಅದರಲ್ಲಿ ಆರ್‌ಎನ್‌ನಾಯ್ಸ್ ಆರಿಸಿಕೊಳ್ಳಿ. ಮಾತು ಯಾವುದು ಗದ್ದಲ ಯಾವುದು ಎಂಬುದನ್ನು ತರಬೇತಿ ಪಡೆದ ಒಂದು ಸಣ್ಣ ನರಜಾಲದಿಂದ ಅದು ಗುರುತಿಸುತ್ತದೆ. ಫ್ಯಾನಿನಂಥ ಒಂದೇ ಸಮನೆಯ ಸದ್ದನ್ನು ಬಹುಮಟ್ಟಿಗೆ ಒರೆಸಿಹಾಕುತ್ತದೆ. ನಿಂತು ನಿಂತು ಓಡುವ ಹೊಲಿಗೆ ಮಷಿನಿನ ಮೇಲೆ ಅಷ್ಟು ಪೂರ್ತಿಯಾಗಿ ಗೆಲ್ಲಲಾರದು, ಆದರೂ ಮಾತಿನ ನಡುವಿನ ಬಿಡುವಿನಲ್ಲಿ ವ್ಯತ್ಯಾಸ ನಿಮಗೆ ತಿಳಿಯುತ್ತದೆ.

ಒಂದು ಎಚ್ಚರಿಕೆ. ಈ ಫಿಲ್ಟರನ್ನು ಮೈಕಿನ ಮೇಲೆ ಮಾತ್ರ ಹಾಕಬೇಕು, ಆಟದ ಸದ್ದಿನ ಮೇಲೆ ಎಂದಿಗೂ ಹಾಕಬಾರದು. ಆಟದ ಮಳೆ, ಗಾಳಿ, ನದಿಯ ಹರಿವು ಎಲ್ಲವೂ ಅದಕ್ಕೆ ಗದ್ದಲವಾಗಿಯೇ ಕಾಣುತ್ತವೆ. ಇದು ತಿಳಿಯದೆ ನಾನು ಒಂದು ಇಡೀ ಸರಣಿಯಲ್ಲಿ ಮಳೆಯನ್ನು ಕಳೆದುಕೊಂಡೆ.

ಸಿಂಧನೂರು ಕಾಲುವೆ

ಇಲ್ಲಿಯವರೆಗಿನ ಮಾತುಗಳೆಲ್ಲ ಸರಿ. ಆದರೆ ಯಾರೂ ಟ್ರ್ಯಾಕುಗಳ, ಅಂದರೆ ಒಂದೇ ಕಡತದಲ್ಲಿ ಸದ್ದುಗಳನ್ನು ಬೇರೆ ಬೇರೆಯಾಗಿ ಇಡುವ ಸಾಲುಗಳ, ಬಗ್ಗೆ ಹೇಳಲಿಲ್ಲವೆಂದು ಬರೆಯುತ್ತಿದ್ದೇನೆ. ನನ್ನ ಮಟ್ಟಿಗೆ ಇದೇ ಮುಖ್ಯ.

ಹಾಲಿಗೆ ನೀರು ಬೆರೆತ ಮೇಲೆ ಬೇರ್ಪಡಿಸಲು ಬಾರದು. ಆಟದ ಸದ್ದು, ನಮ್ಮ ಮಾತು, ಗೆಳತಿಯರ ಕರೆ ಎಲ್ಲವೂ ಒಂದೇ ಟ್ರ್ಯಾಕಿನಲ್ಲಿ ಬೆರೆತರೆ, ಆಮೇಲೆ ಎಡಿಟ್ ಮಾಡುವಾಗ ಆಟವೊಂದನ್ನೇ ತಗ್ಗಿಸಲಾಗದು, ಒಂದು ಕೆಮ್ಮನ್ನು ತೆಗೆದರೂ ಅದರೊಂದಿಗೆ ಆಟದ ಸದ್ದು ಕಡಿದುಹೋಗುತ್ತದೆ. ಒಬಿಎಸ್ ಒಂದು ಕಡತದಲ್ಲಿ ಆರು ಆಡಿಯೋ ಟ್ರ್ಯಾಕುಗಳನ್ನು ಬರೆಯಬಲ್ಲದು. ಔಟ್‌ಪುಟ್ ಮೋಡ್ ಅನ್ನು ‘ಅಡ್ವಾನ್ಸ್ಡ್’ಗೆ ತಂದು, ರೆಕಾರ್ಡಿಂಗ್ ವಿಭಾಗದಲ್ಲಿ ಬೇಕಾದ ಟ್ರ್ಯಾಕುಗಳಿಗೆ ಗುರುತು ಹಾಕಿ, ಆಮೇಲೆ ‘ಅಡ್ವಾನ್ಸ್ಡ್ ಆಡಿಯೋ ಪ್ರಾಪರ್ಟೀಸ್’ನಲ್ಲಿ ಯಾವ ಮೂಲ ಯಾವ ಟ್ರ್ಯಾಕಿಗೆ ಹೋಗಬೇಕೆಂದು ಹಂಚಿ. ನಾನು ಒಂದನೆಯ ಟ್ರ್ಯಾಕಿನಲ್ಲಿ ಎಲ್ಲವನ್ನೂ ಬೆರೆಸಿ, ಎರಡರಲ್ಲಿ ಆಟ, ಮೂರರಲ್ಲಿ ಮೈಕ್, ನಾಲ್ಕರಲ್ಲಿ ಕರೆಯನ್ನು ಇಡುತ್ತೇನೆ. ಸಾಮಾನ್ಯ ಪ್ಲೇಯರುಗಳು ಮೊದಲ ಟ್ರ್ಯಾಕನ್ನಷ್ಟೇ ನುಡಿಸುತ್ತವೆ, ಆದ್ದರಿಂದ ಅದರಲ್ಲಿ ಎಲ್ಲವೂ ಇರಬೇಕು. ಹೊಸಬರು ಒಂದನೆಯದರಲ್ಲಿ ಮೈಕ್ ಮಾತ್ರ ಇಟ್ಟು, ಆಟದ ಸದ್ದೇ ಬಂದಿಲ್ಲವೆಂದು ಗಾಬರಿಯಾಗುವುದನ್ನು ಕಂಡಿದ್ದೇನೆ. ವಿಎಲ್‌ಸಿ ಪ್ಲೇಯರಿನಲ್ಲಿ ಆಡಿಯೋ ಟ್ರ್ಯಾಕ್ ಬದಲಿಸಿ ನೋಡಿದರೆ ಅದು ಎರಡನೆಯದರಲ್ಲಿ ಸುಖವಾಗಿ ಕೂತಿರುತ್ತದೆ.

ಡಿಸ್ಕ್ ತುಂಬುತ್ತದೆ ಎಂಬ ಚಿಂತೆ ಬೇಡ. 160 ಕಿಲೋಬಿಟ್‌ನ ಒಂದು ಟ್ರ್ಯಾಕ್ ಗಂಟೆಗೆ ಸುಮಾರು 72 ಎಂಬಿ. ಆರೂ ಸೇರಿದರೆ 432 ಎಂಬಿ. ವಿಡಿಯೋ ತಿನ್ನುವ ಜಾಗದ ಮುಂದೆ ಇದು ಏನೂ ಅಲ್ಲ.

ಕಡತವನ್ನು ಎಂಕೆವಿ ರೂಪದಲ್ಲಿಯೇ ಬರೆಯಿಸಿ. ಎರಡು ವರ್ಷದ ಹಿಂದೆ ನಾನು ಎರಡು ಗಂಟೆ ಕಷ್ಟಪಟ್ಟು ಮಾಡಿದ ರೆಕಾರ್ಡಿಂಗ್ ಕರೆಂಟ್ ಹೋದ ಒಂದು ಕ್ಷಣದಲ್ಲಿ ಹಾಳಾಯಿತು. ಎಂಪಿ4 ಕಡತ ತನ್ನೊಳಗೆ ಏನು ಎಲ್ಲಿದೆ ಎಂಬ ಸೂಚಿಯನ್ನು ಕೊನೆಗೆ, ರೆಕಾರ್ಡಿಂಗ್ ನಿಲ್ಲಿಸಿದಾಗ ಬರೆಯುತ್ತದೆ. ನಡುವೆ ಯಂತ್ರ ಆರಿಹೋದರೆ ಸೂಚಿಯೇ ಇಲ್ಲದ ಆ ಕಡತವನ್ನು ಯಾವ ಪ್ಲೇಯರೂ ತೆರೆಯಲಾರದು. ಎಂಕೆವಿಯಲ್ಲಿ ಆ ಗಳಿಗೆಯವರೆಗೆ ಬರೆದದ್ದೆಲ್ಲ ಉಳಿಯುತ್ತದೆ. ಆಮೇಲೆ ಒಬಿಎಸ್‌ನ ಫೈಲ್ ಮೆನುವಿನಲ್ಲಿರುವ ‘ರೀಮಕ್ಸ್’ನಿಂದ ಎಂಪಿ4 ಮಾಡಿಕೊಳ್ಳಬಹುದು, ಗುಣಮಟ್ಟ ಕಿಂಚಿತ್ತೂ ಕುಂದದು. 2024ರಲ್ಲಿ ಬಂದ 30.2ನೇ ಆವೃತ್ತಿಯಲ್ಲಿ ‘ಹೈಬ್ರಿಡ್ ಎಂಪಿ4’ ಎಂಬುದೂ ಸೇರಿದೆ, ಅದೂ ಇಂಥ ಆಘಾತವನ್ನು ತಾಳಿಕೊಳ್ಳುವಂತೆಯೇ ರಚಿತವಾಗಿದೆ. ಆ ದಿನ ನಾನು ಅತ್ತಿದ್ದೆ. ಇನ್ನೊಬ್ಬರಿಗೆ ಹಾಗಾಗಬಾರದೆಂದು ಇಷ್ಟು ಬರೆದೆ.

ರಾಯಚೂರು ಬಿಸಿಲು

ಅಕ್ಕಾ, ಟ್ರ್ಯಾಕಿನ ಮಾತು ಒಪ್ಪಿದೆ. ಆದರೆ ನೇರಪ್ರಸಾರ ಮಾಡುವವರಿಗೆ ಆಮೇಲೆ ತಿದ್ದುವ ಅವಕಾಶವೇ ಇಲ್ಲ. ಅವರು ಡಕಿಂಗ್ ಹಾಕಿಕೊಳ್ಳುವುದು ಒಳ್ಳೆಯದು. ಆಟದ ಸದ್ದಿನ ಮೂಲಕ್ಕೆ, ಮಿತಿ ಮೀರಿದಾಗ ಸದ್ದನ್ನು ತಗ್ಗಿಸುವ ಕಂಪ್ರೆಸರ್ ಫಿಲ್ಟರ್ ಸೇರಿಸಿ, ಅದರ ‘ಸೈಡ್‌ಚೈನ್’ ಎಂಬಲ್ಲಿ ಮೈಕನ್ನು ಆರಿಸಿದರೆ, ನಾವು ಮಾತನಾಡಿದಾಗ ಆಟ ತಾನಾಗಿ ತಗ್ಗುತ್ತದೆ, ನಿಲ್ಲಿಸಿದಾಗ ಮತ್ತೆ ಏರುತ್ತದೆ. ಕೊಪ್ಪಳದ ಅಣ್ಣ ಹೇಳಿದ ಹಾರ್ಮೋನಿಯಂನವರ ಕೈಯ ಕೆಲಸವನ್ನೇ ಇದು ಮಾಡುತ್ತದೆ. ಮಿತಿ ಮೈನಸ್ 24, ಅನುಪಾತ 3 ಎಂದು ಇಟ್ಟರೆ, ಮೈಕ್ ಮೈನಸ್ 12ಕ್ಕೆ ಬಂದಾಗ ಆಟ 8 ಡೆಸಿಬೆಲ್ ಇಳಿಯುತ್ತದೆ. ಒಬಿಎಸ್ ತಾನಾಗಿ ಕೊಡುವ ಅನುಪಾತ 10, ಬಿಡುಗಡೆಯ ಸಮಯ (ತಗ್ಗಿದ ಸದ್ದು ಮತ್ತೆ ಏರಲು ಹಿಡಿಯುವ ಸಮಯ) 60 ಮಿಲಿಸೆಕೆಂಡ್. ಇವು ಈ ಕೆಲಸಕ್ಕೆ ಒರಟಾದವು. ಪ್ರತಿ ಪದದ ನಡುವೆ ಆಟದ ಸದ್ದು ಜಿಗಿಜಿಗಿದು ಬರುತ್ತದೆ. ಬಿಡುಗಡೆಯನ್ನು 400ರ ಸುಮಾರಿಗೆ ಏರಿಸಿ.

ಮೈಕ್ ಸೆಟ್ ಮನೆ, ಕೊಪ್ಪಳ

ಇದಕ್ಕೆ ನನ್ನ ಅರ್ಧ ಒಪ್ಪಿಗೆ. ಫಿಲ್ಟರ್ ಕೆಲಸ ಮಾಡುವುದು ಮೂಲದ ಮೇಲೆ, ಟ್ರ್ಯಾಕಿಗೆ ಹಂಚುವುದಕ್ಕಿಂತ ಮುಂಚೆ. ಆದ್ದರಿಂದ ಡಕಿಂಗ್ ಹಾಕಿದರೆ ಎರಡನೆಯ ಟ್ರ್ಯಾಕಿನಲ್ಲಿ ಬೇರೆಯಾಗಿ ಇಟ್ಟ ಆಟದ ಸದ್ದೂ ಏರಿಳಿತದೊಂದಿಗೇ ಅಚ್ಚಾಗುತ್ತದೆ. ಸ್ಲೈಡರ್ ವಿಷಯವೂ ಅಷ್ಟೇ. ಅದನ್ನು ಇಳಿಸಿದರೆ ಎಲ್ಲ ಟ್ರ್ಯಾಕಿನಲ್ಲೂ ಇಳಿಯುತ್ತದೆ. ನೇರಪ್ರಸಾರವಾದರೆ ಡಕಿಂಗ್ ಹಾಕಿ, ಎಡಿಟ್ ಮಾಡುವ ರೆಕಾರ್ಡಿಂಗ್ ಆದರೆ ತೆಗೆದುಹಾಕಿ, ತಗ್ಗಿಸುವ ಕೆಲಸವನ್ನು ಎಡಿಟಿಂಗ್‌ನಲ್ಲಿ ಕೈಯಿಂದಲೇ ಮಾಡಿ. ಯಾವ ಮಾತಿಗೆ ಎಷ್ಟು ದಾರಿ ಬಿಡಬೇಕೆಂಬುದನ್ನು ಕಿವಿಯಷ್ಟು ಚೆನ್ನಾಗಿ ಕಂಪ್ರೆಸರ್ ತಿಳಿಯದು.

ಕಿನ್ನಾಳ ರಸ್ತೆ, ಕೊಪ್ಪಳ

ನಾನು ಆರು ವರ್ಷದಿಂದ ವಾಯ್ಸ್‌ಮೀಟರ್ ಮತ್ತು ವಿಬಿ ಕೇಬಲ್ ಎಂಬ ತಂತ್ರಾಂಶಗಳನ್ನು ಬಳಸುತ್ತಿದ್ದೇನೆ. ಎಲ್ಲ ಸದ್ದನ್ನೂ ಕೃತಕ ಕೇಬಲ್‌ಗಳಿಗೆ ತಿರುಗಿಸಿ, ಒಂದೇ ಕಡೆ ಹಿಡಿತದಲ್ಲಿಟ್ಟುಕೊಳ್ಳಬಹುದು. ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಬಂದ ಮೇಲೆ ಇವು ಬೇಡವೆಂದು ಹಲವರು ಹೇಳುತ್ತಾರೆ, ಅದು ಪೂರ್ತಿ ನಿಜವಲ್ಲ. ಹಳೆಯ ವಿಂಡೋಸ್ ಇದ್ದವರಿಗೆ, ಒಬಿಎಸ್ ಅಲ್ಲದೆ ಬೇರೆ ಪ್ರೋಗ್ರಾಮುಗಳಿಗೂ ಬೆರೆತ ಸದ್ದನ್ನು ಕಳಿಸಬೇಕಾದವರಿಗೆ ಇವೇ ದಾರಿ.

ಆನೆಗೊಂದಿ ದಾರಿ, ಗಂಗಾವತಿ

ಅಂಥವರಿಗೆ ಹೌದು. ಆದರೆ ಹೊಸಬರಿಗೆ ಮೊದಲ ದಿನವೇ ಕೃತಕ ಕೇಬಲ್ ಹೇಳಬಾರದು ಎಂಬುದು ನನ್ನ ದೃಢವಾದ ಅಭಿಪ್ರಾಯ. ದಾರಿಯಲ್ಲಿ ಒಂದು ಸಾಧನ ಹೆಚ್ಚಿದಷ್ಟೂ ಸ್ಯಾಂಪಲ್ ರೇಟ್ (ಸದ್ದನ್ನು ಸೆಕೆಂಡಿಗೆ ಎಷ್ಟು ಸಲ ಅಳೆಯುತ್ತದೆ ಎಂಬುದು) ತಪ್ಪಲು ಒಂದು ಜಾಗ ಹೆಚ್ಚುತ್ತದೆ. ಹೆಡ್‌ಸೆಟ್ 44,100ರಲ್ಲಿ, ಕೇಬಲ್ 48,000ದಲ್ಲಿ, ಒಬಿಎಸ್ ಮತ್ತೊಂದರಲ್ಲಿ ಇದ್ದರೆ ಚಿಟಪಟ ಸದ್ದು ಬರುತ್ತದೆ. ಎರಡು ಸಾಧನಗಳ ಗಡಿಯಾರಗಳು ಹತ್ತು ಲಕ್ಷದಲ್ಲಿ 50ರಷ್ಟು ವ್ಯತ್ಯಾಸವಾಗಿ ಓಡಿದರೂ ಒಂದು ಗಂಟೆಗೆ 180 ಮಿಲಿಸೆಕೆಂಡ್ ಆಗುತ್ತದೆ, ಅದನ್ನು ಸರಿದೂಗಿಸಲು ಪ್ರತಿ ಪ್ರೋಗ್ರಾಮೂ ತನ್ನದೇ ಪ್ರಯತ್ನ ಮಾಡುತ್ತಿರುತ್ತದೆ. ಯಾವ ವ್ಯವಸ್ಥೆ ಇಟ್ಟುಕೊಂಡರೂ ವಿಂಡೋಸ್‌ನ ಸೌಂಡ್ ಸೆಟ್ಟಿಂಗ್ಸ್‌ನಲ್ಲಿ ಪ್ರತಿ ಸಾಧನವನ್ನೂ 48,000ಕ್ಕೆ ತಂದು, ಒಬಿಎಸ್‌ನಲ್ಲೂ ಅದನ್ನೇ ಇಟ್ಟು, ಒಬಿಎಸ್ ಮುಚ್ಚಿ ತೆರೆಯಿರಿ.

ಕೌಲ್‌ಬಜಾರ್ ಓಣಿ, ಬಳ್ಳಾರಿ

ಎಲ್ಲರ ಮಾತನ್ನೂ ಒಂದೊಂದಾಗಿ ಮಾಡಿ ನೋಡಿದೆ. ನಾಲ್ಕು ಟ್ರ್ಯಾಕ್, ಎಂಕೆವಿ, ಎಲ್ಲೆಡೆ 48,000. ಮೈಕಿನಲ್ಲಿ ಹೊಲಿಗೆ ಮಷಿನಿನ ಸದ್ದು ಇನ್ನೂ ಸ್ವಲ್ಪ ಇದೆ, ಆದರೆ ಮಾತಿಗೆ ಅಡ್ಡಿಯಾಗುತ್ತಿಲ್ಲ. ಈಗ ಉಳಿದದ್ದು ಒಂದೇ. ಹೊಸಪೇಟೆಯ ಗೆಳೆಯನೊಬ್ಬ ಡಿಸ್ಕಾರ್ಡ್ ಎಂಬ ಕರೆಯ ತಂತ್ರಾಂಶದಲ್ಲಿ ಸೇರಿಕೊಂಡ ಕೂಡಲೇ ಆಟದ ಸದ್ದು ಇದ್ದಕ್ಕಿದ್ದಂತೆ ಕುಸಿಯುತ್ತದೆ, ಅವನು ಹೋದ ಮೇಲೆ ಮತ್ತೆ ಏರುತ್ತದೆ. ನಾನು ಡಕಿಂಗ್ ಹಾಕಿಲ್ಲ.

ಸಿಂಧನೂರು ಕಾಲುವೆ

ಅದು ಒಬಿಎಸ್‌ನ ಕೆಲಸವಲ್ಲ, ವಿಂಡೋಸ್‌ನದು. ಹಳೆಯ ಕಂಟ್ರೋಲ್ ಪ್ಯಾನಲ್‌ನ ‘ಸೌಂಡ್’ ತೆರೆದು ‘ಕಮ್ಯುನಿಕೇಶನ್ಸ್’ ಎಂಬ ಹಾಳೆಯನ್ನು ನೋಡಿ. ಕರೆ ನಡೆಯುತ್ತಿದೆ ಎಂದು ತಿಳಿದಾಗ ಉಳಿದ ಸದ್ದನ್ನು ಶೇಕಡಾ 80ರಷ್ಟು ಇಳಿಸು ಎಂಬುದು ಅಲ್ಲಿ ಮೊದಲಿನಿಂದಲೇ ಆಯ್ಕೆಯಾಗಿರುತ್ತದೆ. ಅದನ್ನು ‘ಡೂ ನಥಿಂಗ್’ಗೆ ಬದಲಿಸಿ. ಡಿಸ್ಕಾರ್ಡ್‌ನ ಒಳಗೂ ಇತರ ಪ್ರೋಗ್ರಾಮುಗಳನ್ನು ತಗ್ಗಿಸುವ ‘ಅಟೆನ್ಯುಯೇಶನ್’ ಇದೆ, ಅದನ್ನು ಸೊನ್ನೆಗೆ ತನ್ನಿ.

ಗೆಳೆಯನ ಧ್ವನಿಗೆ ಇನ್ನೊಂದು ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಸೇರಿಸಿ, ಡಿಸ್ಕಾರ್ಡ್ ಆರಿಸಿ ನಾಲ್ಕನೆಯ ಟ್ರ್ಯಾಕಿಗೆ ಕಳಿಸಿ. ರೆಕಾರ್ಡ್ ಮಾಡುತ್ತಿದ್ದೇನೆ ಎಂದು ಅವನಿಗೆ ಮೊದಲೇ ಹೇಳಿ ಒಪ್ಪಿಗೆ ಪಡೆಯಿರಿ. ಟ್ರ್ಯಾಕ್ ಬೇರೆಯಾಗಿದ್ದರೆ, ನಾಳೆ ಅವನು ತನ್ನ ಮಾತು ಬೇಡವೆಂದರೂ ತೆಗೆಯುವುದು ಸುಲಭ.

ದೇವದುರ್ಗದ ದಾರಿ

ನನ್ನದು ಸ್ವಲ್ಪ ಬೇರೆ ಪ್ರಶ್ನೆ. ನಾನು ಆಡುವುದು ಮೊಬೈಲಿನಲ್ಲಿ, ರೆಕಾರ್ಡ್ ಮಾಡುವುದು ಲ್ಯಾಪ್‌ಟಾಪಿನಲ್ಲಿ. ಇಷ್ಟು ದಿನ ಮೊಬೈಲಿನ ಸ್ಪೀಕರಿನ ಮುಂದೆ ಮೈಕ್ ಇಟ್ಟು ಹಿಡಿಯುತ್ತಿದ್ದೆ. ಇದಕ್ಕಿಂತ ಚೆನ್ನಾದ ದಾರಿ ಇದೆಯೇ?

ಸಿಂಧನೂರು ಕಾಲುವೆ

ಖಂಡಿತ ಇದೆ, ನಾನೂ ಮೊಬೈಲಿನಲ್ಲಿ ಆಡಿ ಕಂಪ್ಯೂಟರಿನಲ್ಲಿ ರೆಕಾರ್ಡ್ ಮಾಡುತ್ತೇನೆ. ಎಸ್‌ಸಿಆರ್‌ಸಿಪಿವೈ (scrcpy) ಎಂಬ ಉಚಿತ ತಂತ್ರಾಂಶ ಯುಎಸ್‌ಬಿ ಕೇಬಲ್ ಮೂಲಕ ಆಂಡ್ರಾಯ್ಡ್ ಮೊಬೈಲಿನ ಪರದೆಯನ್ನು ಕಂಪ್ಯೂಟರಿಗೆ ತರುತ್ತದೆ. 2023ರಲ್ಲಿ ಬಂದ ಅದರ 2.0 ಆವೃತ್ತಿಯಿಂದ ಸದ್ದನ್ನೂ ತರುತ್ತಿದೆ, ಅದಕ್ಕೆ ಮೊಬೈಲಿನಲ್ಲಿ ಆಂಡ್ರಾಯ್ಡ್ 11 ಅಥವಾ ಅದಕ್ಕಿಂತ ಹೊಸದು ಇರಬೇಕು. 11 ಆಗಿದ್ದರೆ ಶುರು ಮಾಡುವಾಗ ಪರದೆಯ ಬೀಗ ತೆಗೆದಿರಬೇಕು, 12ರಿಂದ ಆ ತೊಡಕಿಲ್ಲ. ಆ ವಿಂಡೋವನ್ನು ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್‌ನಿಂದ ಹಿಡಿದರೆ ನಿಮ್ಮ ಮೊಬೈಲ್ ಆಟವೂ ಕಂಪ್ಯೂಟರ್ ಆಟದಂತೆಯೇ ತನ್ನ ಟ್ರ್ಯಾಕಿನಲ್ಲಿ ಬಂದು ಕೂರುತ್ತದೆ. ಸದ್ದು ಚಿತ್ರಕ್ಕಿಂತ ಮುಂದೆ ಬಂದಂತೆ ಕಂಡರೆ ಅಡ್ವಾನ್ಸ್ಡ್ ಆಡಿಯೋ ಪ್ರಾಪರ್ಟೀಸ್‌ನ ‘ಸಿಂಕ್ ಆಫ್‌ಸೆಟ್’ನಲ್ಲಿ ಮಿಲಿಸೆಕೆಂಡುಗಳನ್ನು ಕೂಡಿಸಿ. ರೆಕಾರ್ಡಿಂಗ್‌ನಲ್ಲಿ ಎಷ್ಟು ಚೌಕಟ್ಟುಗಳ (ಫ್ರೇಮ್‌ಗಳ) ಅಂತರವಿದೆ ಎಂದು ಎಣಿಸಿದರೆ ಲೆಕ್ಕ ಸಿಗುತ್ತದೆ. ಸೆಕೆಂಡಿಗೆ 60 ಚೌಕಟ್ಟಿನ ವಿಡಿಯೋದಲ್ಲಿ ಒಂದು ಚೌಕಟ್ಟು ಸುಮಾರು 17 ಮಿಲಿಸೆಕೆಂಡ್.

ಆನೆಗೊಂದಿ ದಾರಿ, ಗಂಗಾವತಿ

ಇದಕ್ಕೆ ಸೇರಿಸುವುದು ಒಂದಿದೆ. ಬ್ಲೂಟೂತ್ ಇಯರ್‌ಬಡ್‌ನ ಮೈಕನ್ನು ಈ ಕೆಲಸಕ್ಕೆ ಬಳಸಬೇಡಿ. ಮೈಕ್ ತೆರೆದ ಕೂಡಲೇ ಅದು ಫೋನ್ ಕರೆಯ ರೀತಿಗೆ ಇಳಿದು, ಕಿವಿಗೆ ಬರುವ ಆಟದ ಸದ್ದೂ ಮಾನೋ ಆಗಿ ಮಂಕಾಗುತ್ತದೆ, ಮಾತೂ ಹಳೆಯ ದೂರವಾಣಿಯಂತೆ ಕೇಳುತ್ತದೆ. ತಂತಿಯ ಅಗ್ಗದ ಮೈಕ್ ಇದಕ್ಕಿಂತ ಎಷ್ಟೋ ಮೇಲು.

ಮ್ಯಾಕ್ ಇರುವವರು ಕೇಳುವ ಮೊದಲೇ ಹೇಳಿಬಿಡುತ್ತೇನೆ: ಮ್ಯಾಕ್‌ಓಎಸ್ 13ರಿಂದ ಒಬಿಎಸ್‌ಗೆ ಪರದೆಯೊಂದಿಗೆ ಸದ್ದೂ ಸಿಗುತ್ತದೆ, ಅದಕ್ಕಿಂತ ಹಳೆಯದಕ್ಕೆ ಬ್ಲ್ಯಾಕ್‌ಹೋಲ್‌ನಂಥ ಕೃತಕ ಸಾಧನ ಬೇಕು. ಲಿನಕ್ಸ್‌ನಲ್ಲಿ ಪ್ರತಿ ಔಟ್‌ಪುಟ್‌ಗೂ ‘ಮಾನಿಟರ್’ ಎಂಬ ಮೂಲ ಇದ್ದೇ ಇರುತ್ತದೆ, ಅದನ್ನು ಆರಿಸಿದರಾಯಿತು.

ಕೌಲ್‌ಬಜಾರ್ ಓಣಿ, ಬಳ್ಳಾರಿ

ಸಿಂಧನೂರಿನ ಅಕ್ಕ ಹೇಳಿದ ಶೇಕಡಾ 80ರ ಆಯ್ಕೆ ಇತ್ತು, ತೆಗೆದೆ. ನಿನ್ನೆ ಸಂಜೆ ಗೆಳೆಯನ ಒಪ್ಪಿಗೆ ಪಡೆದು ಕೆಳಗಿನ ಕೋಟೆಯ ಬಾಗಿಲನ್ನು ಕಟ್ಟುವ ಭಾಗವನ್ನು ನಲವತ್ತು ನಿಮಿಷ ರೆಕಾರ್ಡ್ ಮಾಡಿದೆ. ನಡುವೆ ಒಮ್ಮೆ ಕರೆಂಟ್ ಹೋಯಿತು. ಕರೆಂಟ್ ಬಂದ ಮೇಲೆ ಎಂಕೆವಿ ಕಡತವನ್ನು ಕೈ ನಡುಗುತ್ತಾ ತೆರೆದೆ. ಯಂತ್ರ ಆರಿದ ಕ್ಷಣದವರೆಗೆ ನಾಲ್ಕೂ ಟ್ರ್ಯಾಕುಗಳು ಹಾಗೆಯೇ ಇದ್ದವು. ಅಗ್ಗದ ಮೊಬೈಲಿನಲ್ಲಿ ಕೇಳಿ ನೋಡಿದೆ, ಅಮ್ಮನಿಗೂ ಕೇಳಿಸಿದೆ. ಮಾತೆಲ್ಲ ತಿಳಿಯುತ್ತದೆ, ಆದರೆ ಕಲ್ಲು ಇಡುವ ಸದ್ದು ಇನ್ನೂ ಸ್ವಲ್ಪ ಬೇಕೆಂದರು. ಎರಡನೆಯ ಟ್ರ್ಯಾಕನ್ನು 3 ಡೆಸಿಬೆಲ್ ಏರಿಸಿದ್ದೇನೆ, ಮಾತಿನ ಟ್ರ್ಯಾಕನ್ನು ಮುಟ್ಟಿಲ್ಲ.